ಮಟ್ಟಿ ಪೆಲ್ಲೊನ್‌ಪಾ ಅಭಿನಯದ ಟಿಪ್ಪಣಿ: ಕೆಲಸ ಎಲ್ಲಿಯವರೆಗೆ ಬಂದಿದೆ

ಫಿನ್‌ಲೆಂಡಿನ ನಟ ಮಟ್ಟಿ ಪೆಲ್ಲೊನ್‌ಪಾ (1951–1995) ಅವರ ಪಾತ್ರಗಳನ್ನು ಒಂದೊಂದಾಗಿ ನೋಡಿ ದೃಶ್ಯವಾರು ಟಿಪ್ಪಣಿ ಬರೆದಿಡುವ ಕೆಲಸದಲ್ಲಿ, ಆಕಿ ಕೌರಿಸ್ಮಾಕಿ ನಿರ್ದೇಶಿಸಿದ ಚಿತ್ರಗಳ ಭಾಗ ಬಹುಮಟ್ಟಿಗೆ ಮುಗಿದಿದೆ. ಪುಟದ ಎಡಗಡೆ ಪಾತ್ರ ಆಡಿದ ಮಾತನ್ನೂ, ಬಲಗಡೆ ಅದೇ ಹೊತ್ತಿನಲ್ಲಿ ಕಣ್ಣು, ಕೈ, ಸಿಗರೇಟು ಏನು ಮಾಡುತ್ತಿದ್ದವೆಂಬುದನ್ನೂ ಬರೆಯುತ್ತಿದ್ದೇನೆ. ಈ ಚಿತ್ರಗಳಲ್ಲಿನ ಮಿತಭಾಷೆಯ ಶ್ರೇಯಸ್ಸು ಸಾಮಾನ್ಯವಾಗಿ ನಿರ್ದೇಶಕರಿಗೇ ಸಲ್ಲುತ್ತದೆ. ಆ ಮೌನದೊಳಗೆ ನಟನ ಪಾಲು ಎಷ್ಟಿದೆ ಎಂಬುದನ್ನು ಗುರುತಿಸುವುದು ನನ್ನ ಉದ್ದೇಶ.

ಅತಿ ಹೆಚ್ಚು ಪುಟ ಹಿಡಿದದ್ದು 1986ರ ‘ಶ್ಯಾಡೋಸ್ ಇನ್ ಪ್ಯಾರಡೈಸ್’. ಇದರಲ್ಲಿ ಪೆಲ್ಲೊನ್‌ಪಾ ಹೆಲ್ಸಿಂಕಿಯ ಕಸದ ಲಾರಿಯಲ್ಲಿ ದುಡಿಯುವ ನಿಕಾಂಡರ್. ಕಾಟಿ ಔಟಿನೆನ್ ಸೂಪರ್‌ಮಾರ್ಕೆಟ್ಟಿನ ಕ್ಯಾಷಿಯರ್ ಇಲೋನಾ. ಸ್ವಂತ ಕಂಪನಿ ಕಟ್ಟೋಣವೆಂದು ಆಸೆ ಹುಟ್ಟಿಸಿದ ಹಿರಿಯ ಸಹೋದ್ಯೋಗಿ ಹೃದಯಾಘಾತದಿಂದ ತೀರಿಕೊಂಡಾಗಲೂ, ಮೊದಲ ಭೇಟಿಗೆಂದು ತಾನು ಬಿಂಗೋ ಆಡುವಲ್ಲಿಗೆ ಕರೆದೊಯ್ದ ಇಲೋನಾ ಅಲ್ಲಿಂದ ಎದ್ದು ಹೋದಾಗಲೂ ನಿಕಾಂಡರನ ಮುಖ ಹೆಚ್ಚೇನೂ ಬದಲಾಗುವುದಿಲ್ಲ. ಆದರೂ ಮೊದಲನೆಯದು ದುಃಖ, ಎರಡನೆಯದು ಅವಮಾನ ಎಂಬುದರಲ್ಲಿ ನೋಡುವವರಿಗೆ ಸಂದೇಹವೇ ಉಳಿಯದು. ನನ್ನ ಬಲಗಡೆಯ ಅಂಕಣ ತುಂಬಿರುವುದು ಇಂಥ ಕಡೆಗಳಲ್ಲೇ.

ಇದರ ಪಕ್ಕದಲ್ಲಿ ಇಡಲೇಬೇಕಾದ ಇನ್ನೊಂದು ಪಾತ್ರವೆಂದರೆ ಜಿಮ್ ಜಾರ್ಮುಶ್ ಅವರ ‘ನೈಟ್ ಆನ್ ಅರ್ತ್’ (1991) ಚಿತ್ರದ ಕೊನೆಯ ಭಾಗದಲ್ಲಿ ಬರುವ ಟ್ಯಾಕ್ಸಿ ಚಾಲಕ ಮಿಕಾ. ಹಿಮ ಬಿದ್ದ ಹೆಲ್ಸಿಂಕಿಯ ಬೀದಿಗಳಲ್ಲಿ, ಕುಡಿದ ಪ್ರಯಾಣಿಕರು ತಮ್ಮ ಗೆಳೆಯನ ಪಾಡಿಗಿಂತ ಕೆಟ್ಟದ್ದು ಇರಲಾರದೆಂದು ಹೇಳಿದ ಮೇಲೆ, ಅವಧಿಗೆ ಮುನ್ನ ಹುಟ್ಟಿದ ತನ್ನ ಮಗುವಿನ ಕಥೆಯನ್ನು ಅವನು ಹೇಳತೊಡಗುತ್ತಾನೆ. ಮಗು ಉಳಿಯುವುದಿಲ್ಲವೆಂದು ವೈದ್ಯರು ಹೇಳಿದ್ದರಿಂದ ಅದನ್ನು ಪ್ರೀತಿಸಲೇಬಾರದೆಂದು ನಿಶ್ಚಯಿಸಿದ ತಂದೆ, ಕೊನೆಗೆ ಮನಸ್ಸು ಬದಲಿಸುವಷ್ಟರಲ್ಲಿ ಮಗು ಇರುವುದಿಲ್ಲ. ದನಿಯನ್ನು ಎಲ್ಲಿಯೂ ಏರಿಸದೆ, ಕರುಣೆಯನ್ನು ಬೇಡದೆ, ದೀರ್ಘವಾದ ಕಥನವನ್ನು ಅವರು ನಡೆಸಿಕೊಂಡು ಹೋಗುವ ರೀತಿಯನ್ನು ಗಮನಿಸಿದಾಗ, ಈ ನಟ ಬಾಲ್ಯದಲ್ಲಿಯೇ, 1960ರ ದಶಕದ ಆರಂಭದಲ್ಲಿ, ರೇಡಿಯೋ ನಾಟಕಗಳ ಮೂಲಕ ವೃತ್ತಿಗೆ ಬಂದವರು ಮತ್ತು 1977ರಲ್ಲಿ ಹೆಲ್ಸಿಂಕಿಯ ರಂಗಶಿಕ್ಷಣ ಮುಗಿಸಿದವರು ಎಂಬ ಸಂಗತಿಗೆ ಅರ್ಥ ಬರುತ್ತದೆ. ಮುಖವನ್ನು ಅಷ್ಟು ನಿಶ್ಚಲವಾಗಿ ಇಡಲು ಅವರಿಗೆ ಸಾಧ್ಯವಾದದ್ದು ದನಿಯ ಮೇಲಿದ್ದ ಹಿಡಿತದಿಂದ ಎಂದು ನಾನು ನಂಬುತ್ತೇನೆ.

‘ಏರಿಯಲ್’ (1988) ಚಿತ್ರದ ಕೈದಿ ಮಿಕ್ಕೊನೆನ್, ‘ಲೆನಿನ್‌ಗ್ರಾಡ್ ಕೌಬಾಯ್ಸ್ ಗೋ ಅಮೆರಿಕ’ (1989) ಚಿತ್ರದ ಮ್ಯಾನೇಜರ್ ವ್ಲಾದಿಮಿರ್, ಇವರ ಟಿಪ್ಪಣಿಗಳು ಚಿಕ್ಕದಾಗಿಯೇ ಇವೆ. ಕಪ್ಪು-ಬಿಳುಪಿನ ‘ಲಾ ವೀ ದ ಬೊಹೆಮ್’ (1992) ಚಿತ್ರದಲ್ಲಿ ಪ್ಯಾರಿಸ್ಸಿನಲ್ಲಿರುವ ಅಲ್ಬೇನಿಯಾದ ಚಿತ್ರಕಾರ ರೊಡೊಲ್ಫೊ ಆಗಿ ನಟಿಸಿದ್ದಕ್ಕೆ ಅವರಿಗೆ ಆ ವರ್ಷದ ಯುರೋಪಿಯನ್ ಚಲನಚಿತ್ರ ಪ್ರಶಸ್ತಿ ಬಂತು. ಸಂಭಾಷಣೆಯೆಲ್ಲ ಫ್ರೆಂಚ್ ಭಾಷೆಯಲ್ಲಿದ್ದರೂ, ಬಡತನದಲ್ಲಿಯೂ ಮರ್ಯಾದೆ ಬಿಡದ ಆ ನಡವಳಿಕೆ ನಿಕಾಂಡರನದೇ. 1994ರ ‘ಟೇಕ್ ಕೇರ್ ಆಫ್ ಯುವರ್ ಸ್ಕಾರ್ಫ್, ಟಟಿಯಾನಾ’ ಚಿತ್ರದ ರೈನೋ, ಹೆಂಗಸರ ಎದುರು ಬಾಯಿಯೇ ಬಿಡದ ವೋಡ್ಕಾಪ್ರಿಯ, ಇನ್ನೂ ವಿವರವಾಗಿ ಬರೆಯಬೇಕಾದ ಪಾತ್ರ.

1995ರ ಜುಲೈ 13ರಂದು, 44ನೆಯ ವಯಸ್ಸಿನಲ್ಲಿ, ಅವರು ವಾಸಾ ನಗರದಲ್ಲಿ ಹೃದಯಾಘಾತದಿಂದ ನಿಧನರಾದರು. ಮರುವರ್ಷದ ‘ಡ್ರಿಫ್ಟಿಂಗ್ ಕ್ಲೌಡ್ಸ್’ ಚಿತ್ರವನ್ನು ಆಕಿ ಕೌರಿಸ್ಮಾಕಿ ಈ ನಟನ ನೆನಪಿಗೆ ಅರ್ಪಿಸಿದ್ದಾರೆ; ದಂಪತಿಗಳು ಕಳೆದುಕೊಂಡ ಮಗುವಿನ ಫೋಟೋ ಎಂದು ಅದರಲ್ಲಿ ಕಾಣುವುದು ಪೆಲ್ಲೊನ್‌ಪಾ ಅವರ ಬಾಲ್ಯದ ಚಿತ್ರ. ಅವರು ನಟಿಸದ ಚಿತ್ರವಾದರೂ ಇದಕ್ಕೆ ಒಂದು ಪುಟ ಮೀಸಲಿಟ್ಟಿದ್ದೇನೆ.

ಮುಂದಿನ ಹಂತದಲ್ಲಿ ಆಕಿಯವರ ಅಣ್ಣ ಮಿಕಾ ಕೌರಿಸ್ಮಾಕಿ ನಿರ್ದೇಶಿಸಿದ ‘ದಿ ವರ್ತ್‌ಲೆಸ್’ (1982) ಮತ್ತು ‘ಝಾಂಬಿ ಅಂಡ್ ದ ಘೋಸ್ಟ್ ಟ್ರೇನ್’ (1991) ಚಿತ್ರಗಳನ್ನು ಕೈಗೆತ್ತಿಕೊಳ್ಳುತ್ತೇನೆ. ನಿರ್ದೇಶಕ ಬದಲಾದಾಗ ಬಲಗಡೆಯ ಅಂಕಣದಲ್ಲಿ ಏನು ಉಳಿಯುತ್ತದೆ, ಏನು ಬಿಟ್ಟುಹೋಗುತ್ತದೆ ಎಂಬುದನ್ನು ಅಲ್ಲಿಯೇ ಪರೀಕ್ಷಿಸಬೇಕಾಗಿದೆ.