ಚೌತಿ ಚಕ್ಕುಲಿಗೆ ಗದಗಿನ ಕೈ

ಗಣೇಶ ಚೌತಿ ಹತ್ತಿರ ಬಂತೆಂದರೆ ಶಿರಸಿ ಸೀಮೆಯ ನಮ್ಮ ಹವ್ಯಕರ ಮನೆಗಳಲ್ಲಿ ಚಕ್ಕುಲಿ ಕಂಬಳ. ಅಕ್ಕಪಕ್ಕದವರೆಲ್ಲ ಇವತ್ತು ಒಂದು ಮನೆಯಲ್ಲಿ ಸೇರಿ ಸುತ್ತಿದರೆ ನಾಳೆ ಇನ್ನೊಂದು ಮನೆಯಲ್ಲಿ. ಚಕ್ಕುಲಿ ಒರಳಿಗೆ ಇಲ್ಲಿ ಕೆಲಸವಿಲ್ಲ, ಎಲ್ಲ ಕೈಚಕ್ಕುಲಿ. ಅಕ್ಕಿ ತೊಳೆದು ನೆರಳಲ್ಲಿ ಆರಿಸಿ, ಹುರಿದ ಉದ್ದಿನ ಜೊತೆ ಬೀಸಿಸಿ, ಎಳ್ಳು, ಓಮ, ಜೀರಿಗೆ, ಉಪ್ಪು ಹಾಕಿ ಗಟ್ಟಿಯಾಗಿ ನಾದಬೇಕು. ಆಮೇಲೆ ಬೆರಳ ತುದಿಯಲ್ಲಿ ಹಿಟ್ಟನ್ನು ಹುರಿ ಮಾಡುತ್ತ ಸುತ್ತಿನ ಮೇಲೆ ಸುತ್ತು ಹಾಕುತ್ತ ಹೋಗುವುದು. ಹಿಟ್ಟು ಸಡಿಲಾದರೆ ಹುರಿ ನಿಲ್ಲುವುದಿಲ್ಲ, ಒಣಗಿದರೆ ಬಿರಿಯುತ್ತದೆ.

ಸುತ್ತುವವರು ಗಂಡಸರು. ಜಗಲಿಯಲ್ಲಿ ಸಾಲಾಗಿ ಕೂತು, ಅಡಿಕೆ ರೇಟು, ಯಕ್ಷಗಾನ, ಯಾರ ಮನೆ ಮಾಣಿಗೆ ಇನ್ನೂ ಹೆಣ್ಣು ಸಿಕ್ಕಿಲ್ಲ, ಎಲ್ಲ ಮಾತಾಡುತ್ತ ಸುತ್ತುತ್ತಾರೆ. ಹೊಗಳಿಕೆಯೂ ಅವರಿಗೇ. ಅಕ್ಕಿ ತೊಳೆದದ್ದು, ಹಿಟ್ಟು ನಾದಿದ್ದು, ಹೊಗೆಯಲ್ಲಿ ಕಣ್ಣುಜ್ಜಿಕೊಳ್ಳುತ್ತ ತೆಂಗಿನೆಣ್ಣೆಯಲ್ಲಿ ಕರಿದದ್ದು, ನಡುನಡುವೆ ಚಾ ಮಾಡಿ ಕೊಟ್ಟದ್ದು ಹೆಂಗಸರು. ಮದುವೆಯಾಗಿ ಬಂದಾಗಿನಿಂದ ನನ್ನ ಜಾಗ ಬಾಣಲೆಯ ಎದುರಿಗೇ. ಕಂಬಳ ಮೊದಲಿನ ಹಾಗಿಲ್ಲ ಎಂದು ಹಲುಬುವವರನ್ನು ಕೇಳೋಣ ಅನ್ನಿಸುತ್ತದೆ: ನೀವು ಕೂತದ್ದು ಜಗಲಿಯಲ್ಲೋ, ಒಲೆಯ ಬುಡದಲ್ಲೋ?

ಈ ಸಲ ಜಗಲಿಯಲ್ಲಿ ಜನ ಕಮ್ಮಿ. ಊರಿನ ಹುಡುಗರು ಬೆಂಗಳೂರಿನಲ್ಲಿ, ಹಬ್ಬದ ದಿನ ಬೆಳಗ್ಗೆ ಬಸ್ಸಿಳಿಯುವವರು. ಪಕ್ಕದ ಮನೆಗೆ ಶಿರಸಿ ಪೇಟೆಯಿಂದ ಪ್ಯಾಕೆಟ್ ಚಕ್ಕುಲಿಯೇ ಬಂದಾಗಿತ್ತು. ಇಲ್ಲಿ ನೋಡಿದರೆ ಹಿಟ್ಟಿನ ಗುಡ್ಡ.

ತೋಟ ನೋಡಿಕೊಂಡು ಮನೆಯಲ್ಲೇ ಇರುವ ನಮ್ಮ ಮಗನಿಗೆ ಸೀಮೆಯಲ್ಲಿ ಹೆಣ್ಣು ಸಿಗದೆ ಗದಗ ಕಡೆಯಿಂದ ಸೊಸೆ ತಂದಿದ್ದೇವೆ. ಅವಳು ಬಾಗಿಲಲ್ಲಿ ನಿಂತು, "ಮಾವಾರ, ನಾನೂ ಒಂದ್ ಸುತ್ತಿ ನೋಡ್ಲೇನ್ರಿ?" ಅಂದಳು. ನಮ್ಮವರು ನನ್ನ ಮುಖ ನೋಡಿದರು. ನಾನು ಒಳಗೆ ಹೋಗಿ ಇನ್ನೊಂದು ಮಣೆ ತಂದು ಹಾಕಿದೆ.

"ಅವಸರ ಮಾಡಡ ಕೂಸೆ, ಹುರಿ ತಪ್ತು" ಎನ್ನುತ್ತ ದೊಡ್ಡ ಭಾವ ಹೇಳಿಕೊಟ್ಟರು. ಮೊದಲಿನವೆಲ್ಲ ಬಿರಿದವು. ಆದರೆ ರೊಟ್ಟಿ ಬಡಿದ ಕೈಯಲ್ಲವೇ, ಹದ ಬೇಗ ಸಿಕ್ಕಿತು. ಸ್ವಲ್ಪ ಹೊತ್ತಿಗೆಲ್ಲ ಅವಳೇ ಭಾವನಿಗೆ, "ಹಿಟ್ಟು ಒಣಗಾಕತ್ತೈತ್ರಿ, ಹಸಿ ಅರಿವಿ ಮುಚ್ರಿ" ಎಂದಾಗ ಜಗಲಿಯೆಲ್ಲ ನಗು. ಭಾವ ಮರುಮಾತಾಡದೆ ಮುಚ್ಚಿದರು.

ಅವಳು ಜಗಲಿಗೆ ಹೋದ ಮೇಲೆ ಒಲೆಯ ಬುಡದಲ್ಲಿ ನಾನೊಬ್ಬಳೇ. "ಯಾರಾದ್ರೂ ಬನ್ನಿ ಇಲ್ಲಿ" ಎಂದು ಕೂಗಿದೆ. ಎಲ್ಲರ ಕೈಯಲ್ಲೂ ಹಿಟ್ಟು! ಕೊನೆಗೆ ಮಗನೇ ಎದ್ದು ಬಂದು ಸಟ್ಟುಗ ಹಿಡಿದ. ಫೋನ್ ನೋಡುತ್ತ ನಿಂತವನ ಮೊದಲ ಒಬ್ಬೆ ಕಪ್ಪಾಯಿತು. ಅದನ್ನು ಜಗಲಿಯವರ ಚಾ ಜೊತೆಗೇ ಕಳಿಸಿದೆ.