ಥ್ಯಾಡಿಯಸ್ ಸ್ಟೀವನ್ಸ್ ಗೆದ್ದ ಒಂದು ಕೇಸು

1821ರಲ್ಲಿ ಅಮೆರಿಕದ ಪೆನ್ಸಿಲ್ವೇನಿಯಾ ರಾಜ್ಯದ ಸುಪ್ರೀಂ ಕೋರ್ಟಿಗೆ ಚಾರಿಟಿ ಬಟ್ಲರ್ ಎಂಬ ಹೆಂಗಸಿನ ಕೇಸು ಬಂತು. ಆಕೆ ಪಕ್ಕದ ಮೇರಿಲ್ಯಾಂಡಿನ ಗುಲಾಮಳು. ಹೊರಗಿನಿಂದ ಕರೆತಂದ ಗುಲಾಮರನ್ನು ಆರು ತಿಂಗಳು ಇಟ್ಟುಕೊಂಡರೆ ಅವರು ಸ್ವತಂತ್ರರು ಅಂತ ಪೆನ್ಸಿಲ್ವೇನಿಯಾದ 1780ರ ಕಾನೂನು ಹೇಳುತ್ತಿತ್ತು. ಆಕೆ ಕೆಲಸಕ್ಕಿದ್ದವರ ಜೊತೆ ಅಲ್ಲಿಗೆ ಆಗಾಗ ಬಂದು ಹೋಗಿದ್ದಳು, ಆ ದಿನಗಳನ್ನೆಲ್ಲ ಕೂಡಿಸಿದರೆ ಆರು ತಿಂಗಳಾಗುತ್ತದೆ ಅನ್ನೋದು ಆಕೆಯ ಕಡೆಯ ವಾದ. ಕೂಡಿಸೋ ಹಾಗಿಲ್ಲ, ಒಂದೇ ಸಮನೆ ಆರು ತಿಂಗಳು ಇದ್ದಿರಬೇಕು ಅಂದರು ಎದುರು ವಕೀಲರು. ಕೋರ್ಟು ಒಪ್ಪಿತು. ಚಾರಿಟಿ ಮತ್ತು ಮಕ್ಕಳು ಗುಲಾಮರಾಗಿಯೇ ಉಳಿದರು.

ಇನ್ನೂ ಮೂವತ್ತು ತುಂಬದ ಆ ಎದುರು ವಕೀಲರೇ ಥ್ಯಾಡಿಯಸ್ ಸ್ಟೀವನ್ಸ್. ಅಮೆರಿಕದಲ್ಲಿ ಗುಲಾಮಗಿರಿಯ ಕಡು ವೈರಿ ಅಂತ ಮುಂದೆ ಹೆಸರು ಮಾಡಿದವರು!

ಇದನ್ನು ಓದಿದಾಗ ನನಗೆ ಸ್ವಲ್ಪ ಬೇಜಾರೇ ಆಯಿತು. ಕಷ್ಟ ಗೊತ್ತಿಲ್ಲದ ಮನುಷ್ಯನೂ ಅಲ್ಲ. 1792ರಲ್ಲಿ ವರ್ಮಾಂಟಿನಲ್ಲಿ ಬಡವರ ಮನೆಯಲ್ಲಿ ಹುಟ್ಟಿದ್ದು, ಹುಟ್ಟುವಾಗಲೇ ಒಂದು ಪಾದ ಸೊಟ್ಟ, ಅಪ್ಪ ಮನೆ ಬಿಟ್ಟು ಹೋದ, ಅಮ್ಮನೇ ದುಡಿದು ಓದಿಸಿದಳು. ಗೆಟಿಸ್‌ಬರ್ಗಿನಲ್ಲಿ ವಕೀಲಿ ಶುರು ಮಾಡಿದ ಹುಡುಗನಿಗೆ ಬಂದ ಕಕ್ಷಿದಾರನನ್ನು ಗೆಲ್ಲಿಸುವುದೇ ಮುಖ್ಯವಾಗಿತ್ತೋ ಏನೋ.

ಆಮೇಲಿನದು ಬೇರೆಯೇ ಕತೆ. ರಾಜ್ಯದ ಶಾಸಕರಾಗಿ 1835ರಲ್ಲಿ ಅವರು ಮಾಡಿದ ಒಂದು ಭಾಷಣ ಉಚಿತ ಶಾಲೆಗಳ ಕಾನೂನನ್ನು ರದ್ದಾಗದಂತೆ ಉಳಿಸಿತು. 1838ರಲ್ಲಿ ರಾಜ್ಯದ ಹೊಸ ಸಂವಿಧಾನ ಕರಿಯರ ಮತದ ಹಕ್ಕು ಕಿತ್ತುಕೊಂಡಾಗ ಅದಕ್ಕೆ ಸಹಿಯನ್ನೇ ಹಾಕಲಿಲ್ಲ. 1851ರಲ್ಲಿ ಕ್ರಿಸ್ಟಿಯಾನಾ ಅನ್ನೋ ಊರಲ್ಲಿ, ಓಡಿಬಂದ ಗುಲಾಮರನ್ನು ಹಿಡಿಯಲು ಬಂದ ಯಜಮಾನನೇ ಸತ್ತ. ಗುಲಾಮರನ್ನು ಹಿಡಿಯಲು ಕೈಜೋಡಿಸದ ಗಿರಣಿಯವನೊಬ್ಬನ ಮೇಲೆ ದೇಶದ್ರೋಹದ ಕೇಸು ಬಿತ್ತು. ಅವನ ಪರ ನಿಂತ ವಕೀಲರಲ್ಲಿ ಸ್ಟೀವನ್ಸ್ ಕೂಡ ಇದ್ದರು. ಅವನು ನಿರ್ದೋಷಿ ಅಂತ ತೀರ್ಪು ಬಂತು.

ಗುಲಾಮಗಿರಿ ಬಿಡಲೊಪ್ಪದ ದಕ್ಷಿಣದ ರಾಜ್ಯಗಳು ಬೇರೆಯಾಗಿ ಅಂತರ್ಯುದ್ಧ ನಡೆಯುವ ಹೊತ್ತಿಗೆ ಅವರು ವಾಷಿಂಗ್ಟನ್ನಿನಲ್ಲಿ ಕಾಂಗ್ರೆಸ್ಸಿನ, ಅಂದರೆ ಅಮೆರಿಕದ ಸಂಸತ್ತಿನ, ಹಣಕಾಸು ಸಮಿತಿಯ ಅಧ್ಯಕ್ಷರು. ಯುದ್ಧದ ಖರ್ಚಿಗೆ ದಾರಿ ಹುಡುಕುವ ಕೆಲಸ. 1863ರಲ್ಲಿ ದಕ್ಷಿಣದ ಸೈನ್ಯ ಅವರ ಕಬ್ಬಿಣದ ಕಾರ್ಖಾನೆಯನ್ನು ಸುಟ್ಟು ಹಾಕಿತು. ಯುದ್ಧ ಮುಗಿದ ಮೇಲೆ, ದೊಡ್ಡ ಜಮೀನ್ದಾರರ ಭೂಮಿ ಕಿತ್ತುಕೊಂಡು ಬಿಡುಗಡೆಯಾದ ಗುಲಾಮರಿಗೆ ತಲಾ 40 ಎಕರೆ ಕೊಡಿ ಅಂದರು. ಅವರ ಪಕ್ಷದವರೇ ಜಾಸ್ತಿ ಜನ ಒಪ್ಪಲಿಲ್ಲ. ನನ್ನ ಪ್ರಕಾರ ಅವರ ಅತಿ ದೊಡ್ಡ ಸೋಲು ಇದೇ. ಆದರೆ ಎಲ್ಲರೂ ನೆನಪಿಡೋದು 1868ರಲ್ಲಿ ಅಧ್ಯಕ್ಷ ಆಂಡ್ರ್ಯೂ ಜಾನ್ಸನ್ನನ್ನು ಕೆಳಗಿಳಿಸಲು ಹೋಗಿ ಸೆನೆಟ್ಟಿನಲ್ಲಿ ಒಂದೇ ಒಂದು ಮತದಿಂದ ಸೋತದ್ದು. ಆಗ ಅವರಿಗೆ ನಡೆಯಲೂ ಆಗುತ್ತಿರಲಿಲ್ಲ, ಕುರ್ಚಿಯಲ್ಲಿ ಕೂರಿಸಿ ಹೊತ್ತು ತರುತ್ತಿದ್ದರು. ಅದೇ ವರ್ಷ ಆಗಸ್ಟಿನಲ್ಲಿ ತೀರಿಕೊಂಡರು. ತಮಾಷೆ ಅಂದ್ರೆ, ಸತ್ತ ಮೇಲೂ ಅವರ ಕ್ಷೇತ್ರವಾದ ಲ್ಯಾಂಕಾಸ್ಟರಿನಲ್ಲಿ ಅವರ ಪಕ್ಷದ ರಿಪಬ್ಲಿಕನ್ನರು ಚುನಾವಣೆಯ ಟಿಕೆಟ್ಟನ್ನು ಅವರಿಗೇ ಕೊಟ್ಟರು!

ಅವರ ಸಮಾಧಿ ಲ್ಯಾಂಕಾಸ್ಟರಿನ ಒಂದು ಸಣ್ಣ ಸ್ಮಶಾನದಲ್ಲಿದೆ. ಕಲ್ಲಿನ ಮೇಲಿನ ಮಾತು ಅವರೇ ಬರೆದಿಟ್ಟದ್ದು. ಏಕಾಂತ ಇಷ್ಟ ಅಂತ ಇಲ್ಲಿ ಮಲಗಿಲ್ಲ, ಬೇರೆ ಸ್ಮಶಾನಗಳ ನಿಯಮದಲ್ಲಿ ಜನಾಂಗದ ಕಟ್ಟಳೆ ಇದೆ, ಅದಕ್ಕೇ ಈ ಜಾಗ ಆರಿಸಿಕೊಂಡೆ ಅನ್ನುತ್ತದೆ ಅದು. ಚಾರಿಟಿ ಬಟ್ಲರಳನ್ನು ಸೋಲಿಸಿದ್ದೂ ನಿಯಮದ ಒಂದು ಸಾಲನ್ನು ಹಿಡಿದೇ ಅಲ್ವಾ.