ಕಿವಿಗೆ ಬಂದ ಆಸ್ಕರ್
‘ರೇ’ ಸಿನಿಮಾ ಮತ್ತೆ ನೋಡಿದೆ. ಕಣ್ಣು ಕಾಣದ ಅಮೆರಿಕದ ಗಾಯಕ, ಪಿಯಾನೋ ವಾದಕ ರೇ ಚಾರ್ಲ್ಸ್ ಅವರ ಬದುಕಿನ ಕಥೆ, 2004ರದ್ದು. ಆಸ್ಕರ್‌ಗೆ 6 ನಾಮನಿರ್ದೇಶನ, ಗೆದ್ದಿದ್ದು 2. ಅತ್ಯುತ್ತಮ ನಟ ಜೇಮಿ ಫಾಕ್ಸ್. ಅದೇ ಪಾತ್ರಕ್ಕೆ ಗೋಲ್ಡನ್ ಗ್ಲೋಬ್, ಬಾಫ್ಟಾ ಪ್ರಶಸ್ತಿಗಳೂ ಬಂದವು. ಕಣ್ಣು ಮುಚ್ಚುವ ಕೃತಕ ರೆಪ್ಪೆ ಅಂಟಿಸಿಕೊಂಡು, ನಿಜವಾಗಿಯೂ ಏನೂ ಕಾಣದೆ ನಟಿಸಿದ್ದರು. ಪಿಯಾನೋ ನುಡಿಸಿದ್ದೂ ಅವರೇ.

ಎಲ್ಲರೂ ನಟನೆಗೆ ಬಂದ ಆ ಆಸ್ಕರ್ ಬಗ್ಗೆಯೇ ಮಾತಾಡುತ್ತಾರೆ. ನನಗೆ ಮಾತ್ರ ಇನ್ನೊಂದರ ಮೇಲೆ ಪ್ರೀತಿ ಜಾಸ್ತಿ. ಅದು ಸೌಂಡ್ ಮಿಕ್ಸಿಂಗ್‌ಗೆ, ಅಂದರೆ ಸಿನಿಮಾದ ಮಾತು, ಸದ್ದು, ಸಂಗೀತವನ್ನು ಹದವಾಗಿ ಬೆರೆಸುವ ಕೆಲಸಕ್ಕೆ ಬಂದ ಆಸ್ಕರ್. ಕಣ್ಣು ಕಾಣದ ಸಂಗೀತಗಾರನ ಕಥೆಗೆ ಇದಕ್ಕಿಂತ ಸರಿಯಾದ ಗೌರವ ಇನ್ಯಾವುದಿದೆ, ಅಲ್ವಾ?

ಒಂದು ದೃಶ್ಯ ಇದೆ. ದೃಷ್ಟಿ ಕಳೆದುಕೊಂಡ ಪುಟ್ಟ ರೇ ಎಡವಿ ಬಿದ್ದು ‘ಅಮ್ಮಾ’ ಅಂತ ಅಳುತ್ತಾನೆ. ಅಮ್ಮ ಅಲ್ಲೇ ನಿಂತಿದ್ದಾಳೆ. ಓಡಿ ಬಂದು ಎತ್ತಿಕೊಳ್ಳಬೇಕು ಅನ್ನಿಸಿದರೂ ಬಾಯಿ ಬಿಗಿಹಿಡಿದು ತಡೆದುಕೊಳ್ಳುತ್ತಾಳೆ. ಹುಡುಗ ಅಳು ನಿಲ್ಲಿಸಿ ಕಿವಿಗೊಡುತ್ತಾನೆ. ಸುತ್ತಲಿನ ಸದ್ದುಗಳು ಒಂದೊಂದಾಗಿ ಬಿಡಿಬಿಡಿಯಾಗಿ ಕೇಳತೊಡಗುತ್ತವೆ. ನೆಲದ ಮೇಲಿನ ಪುಟ್ಟ ಹುಳವೊಂದನ್ನು ಸದ್ದಿನಿಂದಲೇ ಹುಡುಕಿ ಕೈಯಲ್ಲಿ ಹಿಡಿಯುತ್ತಾನೆ. ಅಮ್ಮ ಅಲ್ಲಿರುವುದೂ ಅವನಿಗೆ ಗೊತ್ತಾಗಿಬಿಡುತ್ತದೆ. ಅಲ್ಲಿ ನಾನು ಪ್ರತಿಸಲ ಅಳುತ್ತೇನೆ.

ಸಿನಿಮಾ ತೆರೆಗೆ ಬರುವ ಮುಂಚೆಯೇ, 2004ರ ಜೂನ್‌ನಲ್ಲಿ ರೇ ತೀರಿಕೊಂಡರು. ಅವರ ಕೊನೆಯ ಆಲ್ಬಮ್‌ಗೆ 8 ಗ್ರ್ಯಾಮಿ ಸಂಗೀತ ಪ್ರಶಸ್ತಿ ಬಂದಿದ್ದೂ, ಈ ಆಸ್ಕರ್‌ಗಳು ಬಂದಿದ್ದೂ 2005ರ ಫೆಬ್ರವರಿಯಲ್ಲೇ. ಇನ್ನೊಂದು ವರ್ಷ ಇದ್ದಿದ್ದರೆ ಎಷ್ಟು ಖುಷಿಪಡುತ್ತಿದ್ದರೋ!

ನೋಡಿಲ್ಲದವರು ದಯವಿಟ್ಟು ನೋಡಿ. ಒಳ್ಳೆಯ ಹೆಡ್‌ಫೋನ್ ಹಾಕಿಕೊಂಡೇ ನೋಡಿ.